ನಿಘಂಟಿನಲ್ಲಿ ಸಿಗದ ಮೊಮ್ಮಗಳು

“ಮಗಳು ಫೋನ್ ನೋಡಿ ಹೇಳಿದ ಅರ್ಥ ನಿಜಾನಾ ಅಂತ ತಿಳಿದವರನ್ನ ಕೇಳಿ, ಆಮೇಲೆ ಮಗೂಗೆ ಹೆಸರಿಡಿ.” ಆಸ್ಪತ್ರೆಯಲ್ಲಿ ನನ್ನ ಹೆಂಡತಿ ಹೇಳಿದ ಕೊನೇ ಮಾತು ಇದು. ಮಗಳು ತನ್ನ ಕೂಸಿಗೆ ಆರಿಸಿದ್ದ ಹೆಸರು ರಿಯಾನ್ಷಿ. ಲಕ್ಷ್ಮಿಯ ನಗು ಅಂತ ಅರ್ಥವಂತೆ.

ಮೂರು ತಿಂಗಳಾದ ಮೇಲೆ ನಾಮಕರಣ ಗೊತ್ತಾಯಿತು. ನಾನು ಓದಿದವನಲ್ಲ. ಜೆ.ಪಿ. ನಗರದ ಒಂದು ಅಪಾರ್ಟ್‌ಮೆಂಟಿನ ಗೇಟು ಕಾಯ್ತೀನಿ. ಅಲ್ಲಿ ಎರಡನೇ ಮಹಡಿಯಲ್ಲಿ ಸಂಸ್ಕೃತದ ರಿಟೈರ್ಡ್ ಮೇಷ್ಟ್ರು ಇದ್ದಾರೆ. ನಾಮಕರಣದ ಹಿಂದಿನ ದಿನ ಡ್ಯೂಟಿ ಮುಗಿಸಿ ಅವರ ಮನೆಗೆ ಹೋದೆ.

ಮೇಷ್ಟ್ರು ಎರಡು ದಪ್ಪ ನಿಘಂಟು ತೆಗೆದು ತುಂಬಾ ಹೊತ್ತು ಹುಡುಕಿದರು.

“ಇಂಥ ಪದವೇ ಇಲ್ಲಯ್ಯ! ಫೋನಿನವರು ಮನಸ್ಸಿಗೆ ಬಂದದ್ದು ಬರೀತಾರೆ, ಜನ ಇಟ್ಕೋತಾರೆ,” ಅಂತ ರೇಗಿದರು.

ಅಡುಗೆಮನೆಯಿಂದ ಅವರ ಮನೆಯವರು ಕೂಗಿದರು. “ಹಾಗೇ ನಮ್ಮ ನೈರಾ ಹೆಸರೂ ನೋಡಿಬಿಡಿ!”

ಮೇಷ್ಟ್ರು ಪುಸ್ತಕ ಮುಚ್ಚಿದರು.

“ನೈರಾ ಯಾರು ಸಾರ್?”

“ನಮ್ಮ ಮೊಮ್ಮಗಳು.”

“ಅರ್ಥ?”

“ನಾನು ನೋಡಿಲ್ಲ. ಸೊಸೆ ಇಟ್ಟಿದ್ದು. ನಾನೂ ಈ ಮನೇಲಿ ಊಟ ಮಾಡ್ಬೇಕಲ್ಲಯ್ಯ,” ಅಂದು, ನನಗೆ ಕಾಫಿ ತರಿಸಿದರು.

ಮರುದಿನ ಬೆಳಗ್ಗೆ ಮಗಳನ್ನು ಪಕ್ಕಕ್ಕೆ ಕರೆದು ವಿಷಯ ಹೇಳಿದೆ. ಅವಳಿಗೆ ಅಳು ಬಂತು.

“ಅಮ್ಮ ಇದ್ದಿದ್ರೆ ಬೇಡ ಅಂತಿದ್ಲಾ ಅಪ್ಪ?”

“ಕೇಳಿ ಅಂದಿದ್ಲು, ಕೇಳಿದೆ. ಅರ್ಥ ಇಲ್ಲ ಅಂದ್ರೆ ಕೆಟ್ಟ ಅರ್ಥಾನೂ ಇಲ್ಲ ಬಿಡು,” ಅಂದೆ.

ಆಮೇಲೆ ತೊಟ್ಟಿಲಿಗೆ ಬಗ್ಗಿ ಮಗುವಿನ ಕಿವಿಯಲ್ಲಿ ಮೂರು ಸಲ ರಿಯಾನ್ಷಿ ಅಂದೆ. ಮೊದಲೆರಡು ಸಲ ತೊದಲಿದೆ, ಮೂರನೇ ಸಲಕ್ಕೆ ನಾಲಿಗೆ ಸರಿಯಾಗಿ ಹೊರಳಿತು.