ಎಮಿಲ್ ಮುಚ್ಚಿದ ಗುಂಡಿ

ಎಮಿಲ್ ಮಲೋಟಾನನ್ನು ಮಣ್ಣು ಮಾಡಿ ಬಂದು ಇನ್ನೂ ಒಂದು ಗಂಟೆ ಆಗಿರಲಿಲ್ಲ. ಚರ್ಚಿನ ನೆಲಮಾಳಿಗೆಯಲ್ಲಿ ಊಟ ನಡೆದಿತ್ತು. ಎಲೆಕೋಸಿನ ಸುರುಳಿ ತುಂಬಿದ ತಟ್ಟೆ ಹಿಡಿದುಕೊಂಡೇ ವೆಂಡೆಲ್ ಪ್ರೈಸ್ ಎದ್ದು ನಿಂತ. ಅವನು ಟೈರ್ ಅಂಗಡಿಯ ಮಾಲೀಕ, ಶಾಲೆಯ ಅಮೆರಿಕನ್ ಫುಟ್‌ಬಾಲ್ ತಂಡದ ಅಪ್ಪಂದಿರ ಸಂಘಕ್ಕೆ ಅಧ್ಯಕ್ಷ.

"ಶನಿವಾರ ಗುಂಡಿ ಮತ್ತೆ ಶುರು ಮಾಡೋಣ," ಎಂದ. "ಎಮಿಲ್ ಹೆಸರಲ್ಲಿ. ನಮ್ಮೂರಿಂದ ದೊಡ್ಡ ಲೀಗಿಗೆ ಹೋದೋನು ಅವನೊಬ್ಬನೇ. ಎಲ್ಲಿಂದ ಹೋದ? ಆ ಗುಂಡಿಯಿಂದ. ಹೌದೋ ಅಲ್ವೋ?"

ಜನ ಮೇಜು ತಟ್ಟಿದರು. ಜೀನ್ ಕೋವಾಚ್ ತಟ್ಟಲಿಲ್ಲ. ಅವನು ಎಮಿಲನ ಬಾಲ್ಯದ ಗೆಳೆಯ, ಅವನ ಕೈಕೆಳಗೆ ಸಹಾಯಕ ಕೋಚ್ ಆಗಿದ್ದವನು. ಈ ವಾರದಿಂದ ಅವನೇ ಮುಖ್ಯ ಕೋಚ್.

"ಅದನ್ನ ನಿಲ್ಲಿಸಿದ್ದೇ ಎಮಿಲ್ ಅಲ್ವೇನೋ?"

"ನಿಲ್ಲಿಸಿದ್ದು ಅವನ ಕಾಯಿಲೆ ಕಣೋ. ಅವನ ತಲೆ ಸರಿ ಇರಲಿಲ್ಲ, ನಿಂಗೂ ಗೊತ್ತು."

"ತಲೆ ಯಾಕೆ ಸರಿ ಇರಲಿಲ್ಲ ಅಂತ ಒಂದ್ಸಲನಾದ್ರೂ ಯೋಚನೆ ಮಾಡಿದ್ಯಾ, ವೆಂಡೆಲ್?" ಎಂದಳು ಎಮಿಲನ ಹೆಂಡತಿ ಡೋರಿನ್, ಕೂತಲ್ಲಿಂದಲೇ.

ಪ್ರೈಸ್ ಅವಳ ಭುಜ ಸವರಿದ. ಪಾಪ, ದುಃಖದಲ್ಲಿ ಏನೋ ಅನ್ನುತ್ತಾಳೆ ಎಂಬಂತೆ ಮುಗುಳ್ನಕ್ಕು ಇನ್ನೊಂದು ಸುರುಳಿ ಬಡಿಸಿಕೊಳ್ಳಲು ಹೋದ. ಆ ನಗೆಯನ್ನು ಜೀನ್‌ಗೆ ನುಂಗಿಕೊಳ್ಳಲಾಗಲಿಲ್ಲ.

ಊರಿನವರು ಗುಂಡಿ ಅನ್ನುತ್ತಿದ್ದುದು ಮೈದಾನದಲ್ಲಿ ಗುದ್ದಿ ಅಭ್ಯಾಸ ಮಾಡುವ ದಪ್ಪ ದಿಂಬುಗಳ ಎರಡು ಸಾಲಿನ ನಡುವೆ ಬಿಟ್ಟ ಓಣಿಗೆ. ಇಬ್ಬರು ಹುಡುಗರು ತಲೆಗೆ ತಲೆ ಕೊಟ್ಟು ಅಂಗಾತ ಮಲಗಬೇಕು. ಸೀಟಿ ಊದಿದ ಕೂಡಲೇ ಎದ್ದು, ತಿರುಗಿ, ಒಬ್ಬ ಬೀಳುವ ತನಕ ಗುದ್ದಿಕೊಳ್ಳಬೇಕು. ಆಗಸ್ಟಿನಲ್ಲಿ ಹೆಲ್ಮೆಟ್ಟು, ಭುಜದ ಕವಚ ಎಲ್ಲ ತೊಡುವ ಮೊದಲ ದಿನಗಳಲ್ಲಿ ಅದು ನಡೆಯುತ್ತಿತ್ತು. ಅಪ್ಪಂದಿರು ಮಡಚುವ ಕುರ್ಚಿ ತಂದು ಸುತ್ತ ಕೂರುತ್ತಿದ್ದರು. ಒಂದು ಮೂಲೆಯಲ್ಲಿ ಸಾಸೇಜು ಸುಡುತ್ತಿತ್ತು.

ಎಮಿಲ್ ಅಲ್ಲಿಂದ ಹೊರಟು ಕಾಲೇಜು ದಾಟಿ ದೊಡ್ಡ ಲೀಗು ಸೇರಿದ್ದು ನಿಜ. ರಕ್ಷಣೆಯ ಸಾಲಿನ ನಟ್ಟನಡುವೆ ನಿಲ್ಲುವುದು ಅವನ ಪಾಲಿಗೆ ಬಂದ ಕೆಲಸ. ಎದುರಿನ ಇಬ್ಬರು ದಢೂತಿ ಆಟಗಾರರು ಒಟ್ಟಿಗೆ ಮೈಮೇಲೆ ಬಂದರೂ ಕದಲಬಾರದು. ಅವನು ಆ ಇಬ್ಬರನ್ನು ತಡೆದು ನಿಂತಾಗ ಪಕ್ಕದ ಸಂದಿನಲ್ಲಿ ಇನ್ಯಾರೋ ನುಗ್ಗಿ ಚೆಂಡು ಹಿಡಿದವನನ್ನು ಕೆಡವುತ್ತಿದ್ದ, ಟಿವಿಯವರು ಆ ಇನ್ಯಾರದೋ ಹೆಸರು ಕೂಗುತ್ತಿದ್ದರು. ಮಂಡಿ ಹೋಯಿತು. ತಂಡ ಕೈಬಿಟ್ಟಿತು. ಇನ್ನೊಂದು ತಂಡ ಕರೆದುಕೊಂಡು, ಹಿಂಡಿ, ಅದೂ ಬಿಟ್ಟಿತು. ಕುಂಟುತ್ತ ಊರಿಗೆ ಬಂದು ಅದೇ ಶಾಲೆಗೆ ಕೋಚ್ ಆದ.

ಮುಂಗೋಪಿ. ಅದನ್ನು ಮುಚ್ಚಿಡಬೇಕಾಗಿಲ್ಲ. ಆದರೆ ಆ ಹಾಳು ಮಂಡಿಯನ್ನೇ ಒದ್ದೆ ಹುಲ್ಲಿಗೆ ಊರಿ, ಹುಡುಗರ ಮಣಿಕಟ್ಟು ಹಿಡಿದು, ಎದುರಾಳಿಯ ಎದೆಗೆ ಕೈ ಎಲ್ಲಿ ಇಡಬೇಕೆಂದು ತೋರಿಸುತ್ತಿದ್ದ. ಎದುರಿನವರು ಏನೇ ಕೂಗಲಿ, ಕಿವಿ ಕೊಡಬೇಡಿ, ಚೆಂಡು ಅಲ್ಲಾಡಿದಾಗಷ್ಟೇ ಅಲ್ಲಾಡಿ ಅನ್ನುತ್ತಿದ್ದ. ಕೋಚ್ ಆದ ವರ್ಷವೇ ಗುಂಡಿ ಮುಚ್ಚಿಸಿದ. ಅಪ್ಪಂದಿರು ಜಗಳಕ್ಕೆ ಬಂದಾಗ, "ಮಕ್ಕಳು ತಲೆ ಚಚ್ಚಿಕೊಳ್ಳೋದನ್ನ ನೋಡ್ತಾ ಸಾಸೇಜ್ ಗಂಟಲಲ್ಲಿ ಹೇಗ್ರಪ್ಪಾ ಇಳಿಯುತ್ತೆ?" ಎಂದು ಕೇಳಿದ್ದ.

ಕೊನೆಯ ವರ್ಷಗಳಲ್ಲಿ ಟ್ರಕ್ಕಿನಲ್ಲಿ ಹೊರಟವನು ಎಲ್ಲಿಗೆಂದು ಮರೆತು ದಾರಿಬದಿ ಕೂತಿರುತ್ತಿದ್ದ. ಡೋರಿನ್ ಫೋನ್ ಮಾಡಿದರೆ ಜೀನ್ ಹೋಗಿ ಕರೆತರುತ್ತಿದ್ದ. ಐವತ್ತು ದಾಟಿದ್ದನಷ್ಟೆ, ಸಾಯುವ ವಯಸ್ಸೇ ಅದು?

ಶನಿವಾರ ಜೀನ್ ಬರುವಷ್ಟರಲ್ಲಿ ದಿಂಬುಗಳು ಸಾಲಾಗಿದ್ದವು. ಅಪ್ಪಂದಿರೆಲ್ಲ ಎಮಿಲನ ಹೆಸರು ಅಚ್ಚು ಹಾಕಿಸಿದ ಅಂಗಿ ತೊಟ್ಟಿದ್ದರು. ಹೆಲ್ಮೆಟ್ಟು ಕೈಲಿ ಹಿಡಿದ ಹುಡುಗರು ಯಾರ ಮಾತು ಕೇಳಬೇಕೆಂದು ತಿಳಿಯದೆ ನಿಂತಿದ್ದರು. ಪ್ರೈಸ್ ಅವರಿಗೆ ತನ್ನ ಹಳೆಯ ಕಥೆ ಹೇಳುತ್ತಿದ್ದ.

"ಇದೇ ಜಾಗ ಕಣ್ರೋ! ಎಮಿಲ್ ಮಲೋಟಾನಂಥೋನನ್ನ ಒಂದೇ ಏಟಿಗೆ ಅಂಗಾತ ಮಲಗಿಸಿದ್ದೆ. ಎದ್ದೋನೇ, ಇನ್ನೊಂದ್ಸಲ ಬಾ ಅಂದ. ಗಂಡಸು ಅಂದ್ರೆ ಅವನು!"

ಜೀನ್ ಒಂದು ದಿಂಬಿನ ಪಟ್ಟಿಗೆ ಕೈಹಾಕಿ ಹೊರಗೆ ಎಳೆದ. ಭಾರ ಇತ್ತು. ಯಾರೂ ಕೈ ಜೋಡಿಸಲಿಲ್ಲ.

"ಏನ್ ಮಾಡ್ತಿದ್ದೀಯ, ಜೀನ್?"

"ನಿನ್ನ ಕಥೆ ಪೂರ್ತಿ ಮಾಡ್ತಿದ್ದೀನಿ. ಅವತ್ತು ಅವನನ್ನ ಮನೆಗೆ ಕರ್ಕೊಂಡು ಹೋದೋನು ನಾನು. ಅವರ ಬೀದೀಲಿ ನಿಂತು, ನಮ್ಮನೆ ಯಾವುದು ಅಂತ ನನ್ನ ಕೇಳಿದ. ಮಾರನೇ ದಿನ ಆಗಿನ ಕೋಚ್‌ಗೆ ಹೇಳಿದ್ರೆ, ಮೂಗಿಗೆ ಎಚ್ಚರ ಬರಿಸೋ ಘಾಟಿನ ಉಪ್ಪು ಹಿಡೀರಿ, ಸರಿಹೋಗ್ತಾನೆ ಅಂದ. ಸಂಜೆ ಮತ್ತೆ ಇಲ್ಲೇ ಮಲಗಿಸಿದ್ರು. ಇದೆಲ್ಲ ಯಾಕಯ್ಯಾ ನಿನ್ನ ಕಥೇಲಿ ಬರಲ್ಲ?"

ಕುರ್ಚಿಗಳ ಸಾಲಿನಲ್ಲಿ ಯಾರೋ ಕೆಮ್ಮಿದರು. ಪ್ರೈಸ್‌ನ ಮುಖ ಕೆಂಪೇರಿತು.

"ನಾವೆಲ್ಲ ಹಾಗೇ ಬೆಳೆದೋರು. ನಾನು ಸತ್ನಾ? ಸೋಮವಾರ ಶಾಲೆ ಮಂಡಳಿಗೆ ಹೋಗ್ತೀನಿ. ಈ ಊರಿಗೆ ಬೇರೆ ಕೋಚ್ ಸಿಗ್ತಾನೆ."

"ಹೋಗು. ಅಲ್ಲೀವರೆಗೂ ನಾನೇ ಕೋಚ್. ಮೊದಲು ಆ ಅಂಗಿ ಬಿಚ್ಚು. ಅವನು ಬೇಡ ಅಂದಿದ್ದನ್ನ ಅವನ ಹೆಸರು ತೊಟ್ಕೊಂಡು ಮಾಡ್ತೀಯಲ್ಲ, ನಾಚಿಕೆ ಆಗಲ್ವಾ?"

ಜೀನ್ ಉಳಿದ ದಿಂಬುಗಳನ್ನೂ ಒಂದೊಂದಾಗಿ ಎಳೆದು ಬೇಲಿಯತ್ತ ಹಾಕಿದ. ಬೆವರಿಗೆ ಕಣ್ಣು ಉರಿಯುತ್ತಿತ್ತು. ಕೊನೆಯದನ್ನು ಎಳೆಯುವಾಗ ಪ್ರೈಸ್ ಹಿಂದೆಯೇ ಬಂದ. ದನಿ ತಗ್ಗಿತ್ತು.

"ಅವನು ಎದ್ದು ನನ್ನ ಕೈ ಕುಲುಕಿದ್ದ ಕಣೋ."

"ಕುಲುಕಿದ. ಅದು ಯಾರ ಕೈ ಅಂತ ಅವನಿಗೆ ಗೊತ್ತಿರಲಿಲ್ಲ."

ಪ್ರೈಸ್ ಹಿಂದಕ್ಕೆ ಹೋಗಿ ಕುರ್ಚಿಯಲ್ಲಿ ಕೂತ. ಕೆಲವರು ಗೊಣಗುತ್ತ ತಮ್ಮ ಕುರ್ಚಿ ಮಡಚಿದರು. ಪ್ರೈಸ್ ಮಾತ್ರ ಏಳಲಿಲ್ಲ. ದಿಂಬುಗಳಿದ್ದ ಜಾಗದ ಬರೀ ಹುಲ್ಲನ್ನೇ ನೋಡುತ್ತ ಇದ್ದ. ಜೀನ್ ಅವನಿಗೆ ಬೆನ್ನು ಹಾಕಿ, ಸಾಲಾಗಿ ನಿಲ್ಲಿ ಎಂದು ಹುಡುಗರನ್ನು ಗದರಿದ.