ಈರಜ್ಜನಿಗೆ ಓಡಿಸಿದ ಖಾಲಿ ಕ್ಯಾಮೆರಾ

ದೆವ್ವದ ಕಥೆ ಹೇಳುವವರನ್ನು ಕಂಡರೆ ನನಗೆ ಮೈ ಉರಿಯುತ್ತದೆ. ಅರ್ಧ ಬುರುಡೆ, ಉಳಿದರ್ಧ ಅಜೀರ್ಣ. ಆದರೆ ಇದು ನನ್ನ ಕೈಗೇ ಆದ ಅನುಭವ. ನಂಬದಿದ್ದರೆ ಬಿಡಿ, ನಿಮ್ಮನ್ನು ನಂಬಿಸಿ ನನಗೇನೂ ಆಗಬೇಕಾಗಿಲ್ಲ.

ಎಪ್ಪತ್ತರ ದಶಕದ ಮಾತು. ಟಾಕೀಸುಗಳಲ್ಲಿ ಸಿನಿಮಾಕ್ಕೆ ಮೊದಲು ತೋರಿಸುತ್ತಿದ್ದ ಸಾಕ್ಷ್ಯಚಿತ್ರಗಳಿಗೆ ನಾನು ಕ್ಯಾಮೆರಾಮನ್. ಕುರಿ ಸಾಕಣೆಯ ಬಗ್ಗೆ ಒಂದು ಚಿತ್ರಕ್ಕೆಂದು ತುರುವನೂರಿನ ಆಚೆಯ ಒಂದು ಹಳ್ಳಿಗೆ ಹೋಗಿದ್ದೆವು. ನಿರ್ದೇಶಕ ಬೆಂಗಳೂರಿನವನು. ಕುರಿಗೂ ಮೇಕೆಗೂ ವ್ಯತ್ಯಾಸ ತಿಳಿಯದ ಆಸಾಮಿ. ಕರಿ ಕನ್ನಡಕವನ್ನು ಮಾತ್ರ ಸಂಜೆಯಾದರೂ ತೆಗೆಯುತ್ತಿರಲಿಲ್ಲ.

ಮಧ್ಯಾಹ್ನ ಈರಜ್ಜ ಎಂಬ ಮುದಿ ಕುರಿಗಾರ ನನ್ನ ಬಳಿ ಬಂದ. ಹೊಸ ಕಂಬಳಿ ಹೊದ್ದಿದ್ದ, ಆ ಬಿಸಿಲಿನಲ್ಲಿ!

"ಸ್ವಾಮಿ, ನನ್ ಮಗಳನ್ನ ಹಿರಿಯೂರಿಗೆ ಕೊಟ್ಟೀನ್ರಿ. ಅಳಿಯ ಜಗಳ ಆಡ್ಕಂಡು ಅವಳನ್ನ ಕಳ್ಸಲ್ಲ, ನನ್ನೂ ಬರಬ್ಯಾಡ ಅಂತಾನೆ. ಅಲ್ಲಿ ಟಾಕೀಸ್ ಐತೆ. ನನ್ ಮುಖ ಒಂದೀಟು ತೆಗೀರಿ... ನೋಡವ್ವ ಅಂತ ಹೇಳಿ ಕಳಿಸ್ತೀನಿ."

"ನಿಂತ್ಕೊ ಅಜ್ಜ, ತೆಗೀತೀನಿ" ಎಂದೆ.

ನಮ್ಮ ಕಸುಬಿನಲ್ಲಿ ಒಂದು ಕುತಂತ್ರವಿತ್ತು. ಮುಖ ತೆಗೆಯಿರಿ ಎಂದು ಕಾಡುವ ಹಳ್ಳಿಯವರ ಮುಂದೆ ರೀಲು ಹಾಕದೆ ಕ್ಯಾಮೆರಾ ಓಡಿಸುವುದು. ಕೀ ಕೊಟ್ಟರೆ ಸಾಕು, ಕರ್ರ್ ಎನ್ನುತ್ತದೆ, ಅವರು ಖುಷಿಯಾಗಿ ಹೋಗುತ್ತಾರೆ. ಈರಜ್ಜ ನೆಟ್ಟಗೆ ನಿಂತು, "ಮಗಾ, ನಾನು ಚಂದಾಗಿದೀನಿ ಕಣವ್ವ" ಎಂದ. ನಾನು ನಗು ತಡೆದುಕೊಂಡು ಕೀ ಮುಗಿಯುವವರೆಗೂ ಓಡಿಸಿದೆ.

ಕ್ಯಾಮೆರಾ ನಿಂತ ಮೇಲೆ ಅವನು ಹತ್ತಿರ ಬಂದು ನನ್ನ ಮುಂಗೈಯನ್ನು ಎರಡು ಸಲ ತಟ್ಟಿದ. ಉಣ್ಣೆಯ ಜಿಡ್ಡು ಹತ್ತಿದ ಒರಟು ಕೈ. ಅವನು ಅತ್ತ ಹೋಗುತ್ತಲೇ ನಾನು ಕರ್ಚೀಫಿನಿಂದ ಒರೆಸಿಕೊಂಡೆ.

ರಾತ್ರಿ ಊರ ಶಾಲೆಯ ಜಗಲಿಯಲ್ಲಿ ನಮ್ಮ ಬಿಡಾರ. ಉಳಿದದ್ದು ಒಂದೇ ರೀಲು. ಬೆಳಗಾಗುತ್ತಲೇ ಕುರಿಗಳು ಮುಳ್ಳುಬೇಲಿಯ ರೊಪ್ಪದಿಂದ ಹೊರಡುವುದನ್ನು ತೆಗೆಯಬೇಕಿತ್ತು. ಅದು ಕೆಟ್ಟರೆ ನನ್ನ ಕೆಲಸ ಹೋದಂತೆಯೇ ಎಂದು ಗದರಿಸಿ ನಿರ್ದೇಶಕ ಗೊರಕೆ ಹೊಡೆಯುತ್ತಿದ್ದ.

ರೀಲಿಗೆ ಬೆಳಕು ತಾಗಬಾರದು. ಅದಕ್ಕೆಂದೇ ನಮ್ಮ ಬಳಿ ಒಂದು ಕಪ್ಪು ಬಟ್ಟೆಯ ಚೀಲವಿರುತ್ತದೆ. ಕ್ಯಾಮೆರಾ, ರೀಲು ಎರಡನ್ನೂ ಒಳಗಿಟ್ಟು ಬಾಯಿ ಮುಚ್ಚಿ, ಅದರ ಎರಡು ತೋಳುಗಳಲ್ಲಿ ಕೈ ತೂರಿಸಿ, ಬೆರಳಿನಿಂದಲೇ ತಡಕಿ ತುಂಬಬೇಕು. ಲಾಟೀನಿನ ಪಕ್ಕ ಕುಳಿತು ಶುರುಮಾಡಿದೆ.

ಇದ್ದಕ್ಕಿದ್ದಂತೆ ಹಸಿ ಉಣ್ಣೆಯ ವಾಸನೆ... ಫಿಲ್ಮಿನ ತುದಿ ಬೆರಳಿನಿಂದ ಜಾರಿತು. ತಡಕಿದೆ... ಸಿಗಲಿಲ್ಲ.

ಯಾರೋ ಅದನ್ನು ನನ್ನ ಬೆರಳಿಗೆ ಕೊಟ್ಟರು. ಚೀಲದೊಳಗೆ.

ಅದೇ ಜಿಡ್ಡು, ಅದೇ ಒರಟು ಕೈ... ಕೈ ಎಳೆದುಕೊಂಡರೆ ಬೆಳಕು ನುಗ್ಗಿ ರೀಲು ಹಾಳು, ಕೆಲಸವೂ ಹೋಯಿತು. ಎಳೆದುಕೊಳ್ಳಲಿಲ್ಲ. ಆ ಕೈ ಹಿಡಿದುಕೊಟ್ಟ ಹಾಗೆಲ್ಲ ನಾನು ತುಂಬುತ್ತ ಹೋದೆ. ಮುಚ್ಚಳ ಹಾಕಿದ ಮೇಲೆ ಅದು ನನ್ನ ಮುಂಗೈಯನ್ನು ಎರಡು ಸಲ ತಟ್ಟಿತು.

ನಸುಕಿನಲ್ಲಿ ರೊಪ್ಪಕ್ಕೆ ಹೋದೆವು. ಈರಜ್ಜ ಸತ್ತಿರುತ್ತಾನೆ ಎಂದುಕೊಂಡಿದ್ದೆ, ಇಂಥ ಕಥೆಗಳಲ್ಲಿ ಸಾಯುತ್ತಾರಲ್ಲ. ಅವನು ಬೀಡಿ ಸೇದುತ್ತ ಕುಳಿತಿದ್ದ.

"ರೀಲು ಸರಿಯಾಗಿ ಕುಂತೈತೇನ್ರಿ?" ಎಂದ, ಮೆಲ್ಲಗೆ.

"ಏಯ್, ಕುರಿ ಹೊರಟ್ವಲ್ಲಯ್ಯ, ಓಡಿಸು!" ಎಂದು ನಿರ್ದೇಶಕ ಕೂಗಿದ. ಈರಜ್ಜನಿಗೆ ಬೆನ್ನು ಹಾಕಿ ಇಡೀ ರೀಲನ್ನು ಕುರಿಗಳ ಮೇಲೆ ಮುಗಿಸಿದೆ.

ಲ್ಯಾಬಿನಲ್ಲಿ ತೊಳೆದು ಬಂದ ರೀಲನ್ನು ಪರದೆಯ ಮೇಲೆ ಬಿಟ್ಟಾಗ ಒಂದೂ ಕುರಿ ಇರಲಿಲ್ಲ. ನಡುಮಧ್ಯಾಹ್ನದ ಬಿಸಿಲು... ಹೊಸ ಕಂಬಳಿ... ಈರಜ್ಜನ ತುಟಿ ಅಲ್ಲಾಡುತ್ತಿತ್ತು. ಕೊನೆಗೆ ಅವನು ನಮ್ಮತ್ತ ಕೈ ಚಾಚಿದ. ಅವತ್ತು ಕ್ಯಾಮೆರಾ ಓಡುವಾಗ ಹಾಗೆ ಮಾಡಿರಲಿಲ್ಲ. ಕೈ ದೊಡ್ಡದಾಗುತ್ತ ಬಂದು ಪರದೆಯೆಲ್ಲ ಕಪ್ಪಾಯಿತು.

"ಯಾವನಯ್ಯ ಈ ಮುದುಕ? ಕಿತ್ತು ಬಿಸಾಕು" ಎಂದ ನಿರ್ದೇಶಕ. ಬೇರೆಲ್ಲಿಂದಲೋ ಕುರಿಗಳನ್ನು ತಂದು ಅಂಟಿಸಿದ. ಚಿತ್ರ ಊರೂರಿನ ಟಾಕೀಸಿಗೆ ಹೋಯಿತು, ಹಿರಿಯೂರಿಗೂ ಹೋಗಿರಬೇಕು. ಈರಜ್ಜನ ಮಗಳು ಎಷ್ಟು ಸಲ ಟಿಕೆಟ್ ತೆಗೆದು ಕುಳಿತಳೋ.

ಬಿಸಾಡಿದ್ದನ್ನು ಆರಿಸಿ ನಾನು ಒಂದು ತಗಡಿನ ಡಬ್ಬಿಯಲ್ಲಿ ಇಟ್ಟುಕೊಂಡಿದ್ದೇನೆ. ಹಿರಿಯೂರೇನು ಕಾಶಿಯಲ್ಲ, ಬಸ್ಸು ಹತ್ತಿ ಹೋಗಿ ಅವಳಿಗೆ ಮುಟ್ಟಿಸಿದರಾಯಿತು. ದೆವ್ವಕ್ಕೆ ಹೆದರುವವರನ್ನು ಜೀವಮಾನವೆಲ್ಲ ಹಂಗಿಸಿದ ನಾನು ಆ ಡಬ್ಬಿಯ ಮುಚ್ಚಳ ತೆಗೆಯಲೂ ಹೆದರುತ್ತೇನೆ. ಥೂ, ನನ್ನ ಜನ್ಮಕ್ಕಿಷ್ಟು.

ಕೆಲವು ರಾತ್ರಿ ಮುಂಗೈಯನ್ನು ಯಾರೋ ಎರಡು ಸಲ ತಟ್ಟಿದಂತಾಗಿ ಎಚ್ಚರವಾಗುತ್ತದೆ. ಮೊದಮೊದಲು ಅದು ಮೆಲ್ಲಗಿತ್ತು. ಈಚೀಚೆಗೆ ಅವಸರಪಡಿಸುವಂತಿದೆ...