ಲೈಬ್ರರಿಯಲ್ಲಿ ಹೂಂಗುಟ್ಟಿದ್ದು

ಹೋದ ಶನಿವಾರ ಲೈಬ್ರರಿಯಲ್ಲಿ ನನಗೆ "ಶ್ಶ್!" ಅಂದರು.

ಈ ವಯಸ್ಸಿನಲ್ಲಿ! ಮುಂದಿನ ಸಾಲಿನ ಹೆಂಗಸು ಕತ್ತು ತಿರುಗಿಸಿ, ತುಟಿಯ ಮೇಲೆ ಬೆರಳಿಟ್ಟು ನನ್ನನ್ನೇ ನೋಡಿದಳು. ಪಕ್ಕದಲ್ಲಿದ್ದ ನನ್ನ ಮಗಳು ಸುಮಾ ತೊಡೆ ಚಿವುಟಿದಳು. ನಾನೇನು ಮಾಡಿದ್ದೆ? ಫೋನ್ ಬಡಿದುಕೊಂಡಿತಾ? ಇಲ್ಲ. ಕುರುಕಲು ತಿಂದೆನಾ? ಅದೂ ಇಲ್ಲ. (ಬ್ಯಾಗಿನಲ್ಲಿ ಚಕ್ಕುಲಿ ಇತ್ತು. ಹೊರಗೆ ತೆಗೆದಿರಲಿಲ್ಲ.) ಕತೆ ಕೇಳುತ್ತಾ "ಹೂಂ" ಅಂದಿದ್ದೆ. ಅಷ್ಟೇ.

ಮೊದಲಿಂದ ಹೇಳುತ್ತೇನೆ.

ಅಮೆರಿಕದ ಮನ್ರೋ ಅನ್ನುವ ಊರಿನಲ್ಲಿ ನಮ್ಮದು ಗೋಡೆಗೆ ಗೋಡೆ ಅಂಟಿದ ಸಾಲುಮನೆ. ನಮ್ಮ ಅಡುಗೆಮನೆಯ ಗೋಡೆಯಾಚೆ ವರ್ನಾಳ ಅಡುಗೆಮನೆ. ಅವಳು ಕಪ್ಪು ಜನಾಂಗದವಳು, ನನಗಿಂತ ಸ್ವಲ್ಪ ದೊಡ್ಡವಳು. ಹುಟ್ಟಿದ್ದು ಸೇಂಟ್ ಲೂಸಿಯಾ ಅನ್ನುವ ದ್ವೀಪದಲ್ಲಿ. ಅವಳ ಹಿರೀಕರನ್ನು ಆಫ್ರಿಕಾದಿಂದ ಹಡಗಿನಲ್ಲಿ ತುಂಬಿ ತಂದು ಅಲ್ಲಿ ಕಬ್ಬಿನ ಗದ್ದೆಗೆ ಇಳಿಸಿದ್ದರು. ಇವಳು ಬ್ರೂಕ್ಲಿನ್‌ಗೆ ಬಂದು, ಆಸ್ಪತ್ರೆಯಲ್ಲಿ ರೋಗಿಗಳನ್ನು ಎತ್ತಿ ಮಲಗಿಸಿ, ಸೊಂಟ ಹಾಳುಮಾಡಿಕೊಂಡು ರಿಟೈರ್ ಆದಳು.

ಅವಳು ನನ್ನನ್ನು "ಮಿಸ್ ಗೌರಿ" ಅನ್ನುತ್ತಾಳೆ. ನಾನು "ವರ್ನಕ್ಕ" ಅನ್ನುತ್ತೇನೆ. ನನ್ನ ಇಂಗ್ಲಿಷಿಗೆ ತಲೆಯಿಲ್ಲ ಬುಡವಿಲ್ಲ. ಅವಳ ಇಂಗ್ಲಿಷೋ, ಓದಿದ ನನ್ನ ಮಗಳಿಗೇ ಅರ್ಥವಾಗುವುದಿಲ್ಲ. ನಾವಿಬ್ಬರೂ ಮಾತ್ರ ಚೆನ್ನಾಗಿ ಮಾತಾಡುತ್ತೇವೆ. ನನ್ನ ಉಪ್ಪಿನಕಾಯಿ ಅವಳ ಮನೆಗೆ ಹೋಗುತ್ತದೆ, ಅವಳ ಮೆಣಸಿನಕಾಯಿ ಸಾಸ್ ನಮ್ಮ ಮನೆಗೆ ಬರುತ್ತದೆ. ಇನ್ನೇನು ಬೇಕು?

ವರ್ನಕ್ಕನ ಮೊಮ್ಮಗಳು ಸಿಮೋನ್. ಆಫ್ರಿಕಾದವರ, ಅಲ್ಲಿಂದ ಲೋಕವೆಲ್ಲ ಚದುರಿಹೋದವರ ಸಾಹಿತ್ಯ ಓದಿ, ಈಗ ಅದನ್ನೇ ಕಾಲೇಜಿನಲ್ಲಿ ಪಾಠ ಮಾಡುತ್ತಾಳೆ. ಪಕ್ಕದ ಊರಿನ ಲೈಬ್ರರಿಯಲ್ಲಿ ಆ ಸಾಹಿತ್ಯದ ಚರಿತ್ರೆ ಹೇಳಲು ಒಪ್ಪಿಕೊಂಡಳು. ಪೋಸ್ಟರ್ ಮಾಡಿಸಿ ಮೊದಲು ಅಜ್ಜಿಗೇ ತಂದು ತೋರಿಸಿದಳು. ನಾನೂ ಅಲ್ಲೇ ಇದ್ದೆ, ಟೀ ಕುಡಿಯುತ್ತಾ. ಪೋಸ್ಟರ್ ಉದ್ದಕ್ಕೂ ಇಸವಿಗಳನ್ನು ಬರೆದ ಒಂದು ಗೆರೆ. ಗೆರೆ ಶುರುವಾಗುವ ಕಡೆ ಒಂದು ಪುಸ್ತಕದ ಚಿತ್ರ.

ವರ್ನಕ್ಕ ಕನ್ನಡಕ ಏರಿಸಿ ನೋಡಿದಳು. "ನಮ್ಮ ಕತೆ ಇಲ್ಲಿಂದ ಶುರುನಾ?"

"ಹೌದು ಗ್ರ್ಯಾಂಡ್ಮಾ. ಮೊದಲು ಪ್ರಿಂಟ್ ಆದ ಪುಸ್ತಕದಿಂದ."

"ಅದಕ್ಕೂ ಮುಂಚೆ ನಾವೆಲ್ಲ ಬಾಯಿ ಹೊಲ್ಕೊಂಡು ಕೂತಿದ್ವಾ?"

ನಾನು ಟೀ ಉಗುಳುವುದೊಂದು ಬಾಕಿ.

ಸಿಮೋನ್ ಬಿಡುವವಳಲ್ಲ. ಅಜ್ಜಿಯ ಮೊಮ್ಮಗಳೇ ತಾನೆ? "ಸರಿ, ಹಾಗಾದ್ರೆ ನೀನೇ ಬಂದು ಒಂದು ಕತೆ ಹೇಳು. ಗೆರೆನ ಅಲ್ಲಿಂದ ಶುರು ಮಾಡ್ತೀನಿ. ಇಷ್ಟು ವರ್ಷ ಆಯ್ತು, ನಂಗೆ ಒಂದೇ ಒಂದು ಕತೆ ಹೇಳಿದ್ಯಾ ನೀನು?"

ವರ್ನಕ್ಕ ಸಿಕ್ಕಿಬಿದ್ದಳು. ಹೂಂ ಅಂದಳು.

ಹುಡುಗಿ ಹೋದ ಮೇಲೆ ವರ್ನಕ್ಕನ ಮುಖ ಸಣ್ಣದಾಯಿತು. ವರ್ನಕ್ಕನ ಅಜ್ಜಿ ದ್ವೀಪದಲ್ಲಿ ಕತೆ ಹೇಳುತ್ತಿದ್ದದ್ದು ಪತ್ವಾ ಅನ್ನುವ ಅವರ ಮನೆಮಾತಿನಲ್ಲಿ. ಶಾಲೆಯಲ್ಲಿ ಆ ಮಾತು ಆಡಿದರೆ ಏಟು. ಬ್ರೂಕ್ಲಿನ್ನಿನಲ್ಲಿ ಮಕ್ಕಳಿಗೆ ಹೇಳಲು ಕೂತರೆ "ಟಿವಿ ನೋಡ್ತಿದೀವಿ ಮಮ್ಮಿ" ಅಂದರಂತೆ. ಹಾಗೇ ನಿಂತುಹೋಯಿತು.

"ಒಂದೇ ಕತೆ ಪೂರ್ತಿ ನೆನಪಿರೋದು ಮಿಸ್ ಗೌರಿ. ಅಲ್ಲಿ ನಿಂತು ಅದೂ ಕೆಟ್ಟುಹೋದ್ರೆ ನಾನು ಮತ್ತೆ ಬಾಯಿ ಬಿಡಲ್ಲ. ನಾನು ಸತ್ತಾಗ ನನ್ನ ಜೊತೆ ಪೆಟ್ಟಿಗೆಗೆ ಬರ್ಲಿ ಅದು."

"ಪೆಟ್ಟಿಗೆಗೆ ಇನ್ನೂ ಟೈಮ್ ಇದೆ. ಕೇಕ್ ತಿನ್ನು" ಅಂದೆ. ಸಮಾಧಾನ ಮಾಡುವುದು ನನಗೆ ಬರುವುದಿಲ್ಲ.

ಶನಿವಾರ ಸುಮಾ ನಮ್ಮನ್ನು ಕಾರಿನಲ್ಲಿ ಕರೆದುಕೊಂಡು ಹೋದಳು. ವರ್ನಕ್ಕ ತಲೆಗೆ ಹಳದಿ ಕೆಂಪು ಚೌಕಳಿ ಬಟ್ಟೆ ಸುತ್ತಿಕೊಂಡಿದ್ದಳು. ಅವರ ದ್ವೀಪದಲ್ಲಿ ಆ ಬಟ್ಟೆಗೆ "ಮದ್ರಾಸ್" ಅಂತಲೇ ಹೆಸರು! ನಮ್ಮ ಕಡೆಯ ಬಟ್ಟೆ, ಯಾವ ಹಡಗು ಹತ್ತಿ ಹೋಗಿತ್ತೋ. ದಾರಿಯುದ್ದಕ್ಕೂ ಅವಳು ಮನಸ್ಸಿನಲ್ಲೇ ಕತೆ ಹೇಳಿಕೊಳ್ಳುತ್ತಿದ್ದಳು. ತುಟಿ ಮಾತ್ರ ಅಲ್ಲಾಡುತ್ತಿತ್ತು.

ಮೊದಲು ಸಿಮೋನ್ ಮಾತಾಡಿದಳು. ಚೆನ್ನಾಗಿ ಮಾತಾಡಿದಳು. ಸುಮಾ ನನ್ನ ಕಿವಿಯಲ್ಲಿ ಕನ್ನಡ ಮಾಡಿ ಹೇಳುತ್ತಿದ್ದಳು. ಆ ಕಾಲದಲ್ಲಿ ಈ ದೇಶದ ಎಷ್ಟೋ ಕಡೆ ಗುಲಾಮರಿಗೆ ಓದುಬರಹ ಕಲಿಸುವುದೇ ಅಪರಾಧವಾಗಿತ್ತಂತೆ. ಆದರೂ ಕದ್ದು ಕಲಿತರು. ತಪ್ಪಿಸಿಕೊಂಡು ಬಂದವರು ತಮ್ಮ ಬದುಕನ್ನೇ ಬರೆದರು. ಬರೆದರೆ "ಇದನ್ನ ಇವನೇ ಬರೆದಿದ್ದಾ?" ಅಂತ ಬಿಳಿಯರಿಗೆ ಅನುಮಾನ. ದೊಡ್ಡಮನುಷ್ಯರು ಹೌದು ಅಂತ ಬರೆದುಕೊಡಬೇಕಿತ್ತು. ಆಮೇಲೆ ಇಲ್ಲೇ ನದಿ ದಾಟಿದರೆ ಸಿಗುವ ಹಾರ್ಲೆಮ್‌ನಲ್ಲಿ ಕವಿಗಳು ಗುಂಪುಗೂಡಿದರು. ಅತ್ತ ಆಫ್ರಿಕಾದಲ್ಲಿ, ದ್ವೀಪಗಳಲ್ಲಿ, ಪ್ಯಾರಿಸ್ಸಿನಲ್ಲಿ ಕೂತವರು ಒಬ್ಬರನ್ನೊಬ್ಬರು ಓದಿಕೊಂಡು ಬರೆದರು.

ನಾನು ನಾಲ್ಕನೇ ಕ್ಲಾಸಿಗೆ ಶಾಲೆ ಬಿಟ್ಟವಳು. (ಈ ಅಂಕಣದ ಕಾಗುಣಿತ ತಿದ್ದುವವರಿಗೆ ಅದು ಚೆನ್ನಾಗಿ ಗೊತ್ತು.) ನನ್ನನ್ನು ಯಾರೂ ಹೊಡೆದು ಬಿಡಿಸಲಿಲ್ಲ. "ತಮ್ಮನ್ನ ನೋಡ್ಕೊ" ಅಂದರು, ಬಿಟ್ಟೆ. ಅದೂ ಇದೂ ಒಂದೇ ಅಂತ ನಾನು ಹೇಳಲಾರೆ. ನನಗೆ ಓದು ಬೇಡ ಅಂದದ್ದು ಅಸಡ್ಡೆಯಿಂದ. ಅವರಿಗೆ ಬೇಡ ಅಂದದ್ದು ಭಯದಿಂದ. ಓದು ಬಂದವರನ್ನು ಕಟ್ಟಿಹಾಕುವುದು ಕಷ್ಟ ಅಂತ ಮಾಲೀಕರಿಗೆ ಗೊತ್ತಿಲ್ಲದೆ ಇರುತ್ತದಾ?

ಆಮೇಲೆ ವರ್ನಕ್ಕ ಎದ್ದಳು. ಮೈಕ್ ಮುಂದೆ ನಿಂತು, ಗಟ್ಟಿಯಾಗಿ, "ಟಿಮ್ ಟಿಮ್!" ಅಂದಳು.

ಯಾರೂ ಏನೂ ಅನ್ನಲಿಲ್ಲ.

"ಟಿಮ್ ಟಿಮ್!"

ಜನ ಮುಗುಳ್ನಕ್ಕರು. ಒಳ್ಳೆಯ ಜನ, ಬಟ್ಟೆ ಇಸ್ತ್ರಿ ಮಾಡಿಕೊಂಡು ಬಂದವರು. ಕೈ ಕಟ್ಟಿ ಕೂತಿದ್ದರು. ಅದಕ್ಕೊಂದು ಉತ್ತರ ಇದೆ ಅಂತ ಅವರಿಗೇನು ಗೊತ್ತು? (ನನಗೂ ಆಮೇಲೆ ಗೊತ್ತಾಯಿತು. ಹೇಳುವವರು "ಟಿಮ್ ಟಿಮ್" ಅಂದರೆ ಕೇಳುವವರು "ಬ್ವಾ ಶೆಶ್!" ಅಂತ ಕೂಗಬೇಕು. ಒಣಕಟ್ಟಿಗೆ ಅಂತ ಅರ್ಥ. ಯಾಕೆ ಒಣಕಟ್ಟಿಗೆ? ವರ್ನಕ್ಕನಿಗೂ ಗೊತ್ತಿಲ್ಲ.) ಅವಳ ಊರಿನಲ್ಲಿ ಯಾರಿಗೂ ಇದನ್ನು ಹೇಳಿಕೊಡಬೇಕಾಗಿರಲಿಲ್ಲ. ಇಲ್ಲಿ ಹೇಳಿಕೊಡಬೇಕು ಅಂತ ಗಾಬರಿಯಲ್ಲಿ ಹೊಳೆಯಲಿಲ್ಲ. ಸಿಮೋನ್‌ಗೆ ಪುಸ್ತಕ ಓದಿ ಗೊತ್ತಿತ್ತಂತೆ. ಆದರೆ ಅಜ್ಜಿಯ ಬಾಯಲ್ಲಿ ಕೇಳಿದ್ದು ಅದೇ ಮೊದಲು. ಲ್ಯಾಪ್‌ಟಾಪ್ ಪಕ್ಕ ಬೆಪ್ಪಾಗಿ ನಿಂತಿದ್ದಳು.

ವರ್ನಕ್ಕ ಉತ್ತರ ಇಲ್ಲದೆಯೇ ಕತೆ ಶುರುಮಾಡಿದಳು. ಒಂದು ಮೇಕೆ. ಮಳೆಗೆ ಅದರ ಒಲೆ ಆರಿಹೋಯಿತು. ಮರಿಗಳು ಚಳಿಗೆ ನಡುಗುತ್ತಿವೆ. ಬೆಂಕಿ ಇರುವುದು ಹುಲಿಯ ಮನೆಯಲ್ಲಿ ಮಾತ್ರ. ಮೇಕೆ ಮಡಕೆ ಹಿಡಿದುಕೊಂಡು ಕೆಂಡ ಕೇಳಲು ಹೊರಟಿತು.

ನಾನು ನೆಟ್ಟಗೆ ಕೂತೆ. ಕೆಂಡ ಕೇಳಲು ಹೋಗುವುದು! ನಮ್ಮಮ್ಮ ನನ್ನನ್ನೂ ಪಕ್ಕದ ಮನೆಗೆ ಕಳಿಸುತ್ತಿದ್ದರು.

ಹುಲಿ ಬಾಗಿಲಿಗೆ ಬಂದು ಕೇಳಿತು, "ಒಬ್ಬಳೇ ಬಂದ್ಯಾ? ನಿನ್ನ ಹಿಂದೆ ಯಾರಿದಾರೆ?"

"ಆಗ ಮೇಕೆ..." ಅಂದಳು ವರ್ನಕ್ಕ. "ಮೇಕೆ ಏನು ಹೇಳ್ತು ಅಂದ್ರೆ..."

ನಿಂತುಬಿಟ್ಟಳು. ಮುಂದಕ್ಕೆ ಬರಲಿಲ್ಲ. ಜನ ಮರ್ಯಾದೆಗೆ ತಮ್ಮ ತೊಡೆ ನೋಡಿಕೊಂಡರು. ವರ್ನಕ್ಕ ಮೊಮ್ಮಗಳ ಕಡೆ ಒಂದು ಸಲ ನೋಡಿ ಕಣ್ಣು ತಗ್ಗಿಸಿದಳು.

"ಹೂಂ" ಅಂದೆ ನಾನು.

ಬೇಕಂತ ಅಂದದ್ದಲ್ಲ. ನಮ್ಮ ಕಡೆ ಕತೆಗೆ ಹೂಂಗುಟ್ಟದೆ ಕೂರುವುದುಂಟಾ? ನಮ್ಮಜ್ಜಿ ಹೂಂ ನಿಂತ ಕೂಡಲೇ ಕತೆ ನಿಲ್ಲಿಸಿ ಮಗ್ಗುಲು ಬದಲಾಯಿಸುತ್ತಿದ್ದರು. ರಾಜಕುಮಾರ ಕುದುರೆ ಮೇಲೆ ಅರ್ಧ ಹತ್ತಿದ್ದರೂ ಸರಿ, ಅಲ್ಲೇ ನೇತಾಡಬೇಕು.

ಆಗಲೇ ಆ ಹೆಂಗಸು "ಶ್ಶ್!" ಅಂದದ್ದು.

"ಅಮ್ಮಾ, ಪ್ಲೀಸ್, ಸುಮ್ನಿರು. ಇದು ಲೈಬ್ರರಿ" ಅಂದಳು ಸುಮಾ.

"ಕತೆ ನಿಂತಿದೆ ಕಣೇ!" ಅಂದೆ. ನನ್ನ ಪಿಸುಮಾತು ಸ್ವಲ್ಪ ಜೋರು. "ಹೂಂ, ಆಮೇಲೆ?"

ಇಡೀ ಸಭೆ ತಿರುಗಿ ನೋಡಿತು. ಸುಮಾ ಕೈಯಲ್ಲಿ ಮುಖ ಮುಚ್ಚಿಕೊಂಡಳು. ಕೆಡಿಸಿಬಿಟ್ಟೆ ಅಂತ ನನಗೂ ಅನ್ನಿಸಿತು, ಸುಳ್ಳು ಯಾಕೆ ಹೇಳಲಿ.

ವರ್ನಕ್ಕ ಮೈಕ್ ಬಿಟ್ಟು ಈಚೆ ಬಂದಳು. "ಮಿಸ್ ಗೌರಿ, ಏನಂದೆ ನೀನು?"

"ಹೂಂ ಅಂದೆ. ನಮ್ಮ ಕಡೆ ಕೇಳೋರು ಅನ್ನಬೇಕು. ಇಲ್ದಿದ್ರೆ ಹೇಳೋರು ಒಂಟಿ ಆಗ್ಬಿಡ್ತಾರೆ."

ಅವಳು ನನ್ನನ್ನೇ ನೋಡಿದಳು. ಆಮೇಲೆ ತೊಡೆ ತಟ್ಟಿಕೊಂಡು ನಕ್ಕಳು. ಆ ನಗು ಗೋಡೆಯಾಚೆಯಿಂದ ನನಗೆ ದಿನಾ ಕೇಳಿಸುವ ನಗು.

"ಹಾಗಾದ್ರೆ ಅಂತಾನೇ ಇರು. ನಿಲ್ಲಿಸ್ಬೇಡ. ಮೇಕೆ ಹೇಳ್ತು, ನನ್ನ ಹಿಂದೆ ನಮ್ಮಮ್ಮ ಇದಾಳೆ!"

"ಹೂಂ!"

"ಅವಳ ಹಿಂದೆ ಅವಳಮ್ಮ ಇದಾಳೆ!"

"ಹೂಂ!"

"ಅವಳ ಹಿಂದೆ ಅವಳಮ್ಮ! ಎಲ್ಲರ ಕೊಂಬೂ ಮಸೆದಿದೆ!"

ಈ ಸಲ ನಾನೊಬ್ಬಳೇ ಅಲ್ಲ. ಹಿಂದಿನ ಸಾಲಿನಲ್ಲಿ ಘಾನಾ ದೇಶದ ಒಬ್ಬ ಅಂಕಲ್ ಕುರ್ಚಿ ಬಡಿದು ಏನೋ ಕೂಗಿದರು. ನೋಡುನೋಡುತ್ತಾ ಎಲ್ಲರೂ ಶುರುಮಾಡಿದರು. ನನಗೆ ಶ್ಶ್ ಅಂದವಳೂ ಅಂದಳು. (ಅವಳ ಹೂಂ ಮೂಗಿನದು. ಡಾಕ್ಟರು ನಮ್ಮ ಬ್ಲಡ್ ರಿಪೋರ್ಟ್ ನೋಡುವಾಗ ಅನ್ನುವಂಥದ್ದು. ಇರಲಿ, ಅಂದಳಲ್ಲ.) ಹುಲಿ ಕತ್ತಲಲ್ಲಿ ಇಣುಕಿ ನೋಡಿತು. ಯಾರೂ ಕಾಣಲಿಲ್ಲ. ಆದರೂ ಧೈರ್ಯ ಸಾಲದೆ, ಬಾಗಿಲು ಒಂದಿಷ್ಟೇ ತೆಗೆದು, ಕೆಂಡದ ಮಡಕೆಯನ್ನು ಕೋಲಿನಿಂದ ಹೊರಗೆ ನೂಕಿತು. ಮೇಕೆ ಮನೆಗೆ ಬಂದು ಒಲೆ ಹಚ್ಚಿತು.

ಕತೆ ಮುಗಿಯಿತು. ಚಪ್ಪಾಳೆಯೋ ಚಪ್ಪಾಳೆ. ಶ್ಶ್ ಅಂದವಳು ಬಂದು ಸಾರಿ ಕೇಳಿದಳು. ಚಕ್ಕುಲಿ ಕೊಟ್ಟೆ.

ಸಿಮೋನ್ ಮೂಗು ಒರೆಸಿಕೊಂಡು ಫೋನ್ ಹಿಡಿದು ಬಂದಳು. "ಗ್ರ್ಯಾಂಡ್ಮಾ, ಇನ್ನೊಂದ್ಸಲ ಹೇಳ್ತೀಯಾ? ರೆಕಾರ್ಡ್ ಮಾಡ್ಕೊಂತೀನಿ."

"ಮಾಡ್ಕೊ. ನಿನ್ನ ಫೋನು ಉತ್ತರ ಕೊಡುತ್ತಾ?"

"ಇಲ್ಲ."

"ಹಾಗಾದ್ರೆ ಫೋನ್ ಜೊತೆ ನೀನೂ ಬಂದು ಕೂತ್ಕೊ. ನಾಳೆ ಬಾ."

ವಾಪಸ್ ಬರುವಾಗ ಕಾರಿನಲ್ಲಿ ವರ್ನಕ್ಕನಿಗೆ ಇನ್ನೊಂದು ಕತೆಯ ಬಾಲ ನೆನಪಾಯಿತಂತೆ. ತಲೆ ಇನ್ನೂ ಸಿಕ್ಕಿಲ್ಲ. ಸಿಗುತ್ತದೆ. ಗೆರೆಯ ಶುರುವಿನಲ್ಲಿ ಈಗ ಯಾವ ಚಿತ್ರ ಹಾಕಲಿ ಅಂತ ಸಿಮೋನ್ ತಲೆ ಕೆಡಿಸಿಕೊಂಡಿದ್ದಾಳೆ. ಬಾಯಿ ಹಾಕು ಅಂದಳು ವರ್ನಕ್ಕ. ಕಿವಿ ಹಾಕು ಅಂದೆ ನಾನು.

ಭಾನುವಾರ ಬೆಳಿಗ್ಗೆ ವರ್ನಕ್ಕ ಬಾಗಿಲು ತಟ್ಟಿದಳು. "ಮಿಸ್ ಗೌರಿ, ಹುಡುಗಿ ಬಂದಿದಾಳೆ. ನೀನೂ ಬಾ."

"ನಾನು ಬರಲ್ಲ" ಅಂದೆ. "ನಾನು ಬಂದ್ರೆ ನಾನೇ ಹೂಂ ಅಂತೀನಿ, ಅವಳು ಕಲಿಯಲ್ಲ."

ದೋಸೆ ಹಾಕುತ್ತಾ ನಿಂತೆ. ಗೋಡೆಯಾಚೆಯಿಂದ "ಟಿಮ್ ಟಿಮ್!" ಕೇಳಿಸಿತು. ಉತ್ತರ ಬರಲಿಲ್ಲ. ನನ್ನ ಬಾಯಿ ತುರಿಸಿತು. ತಡೆದುಕೊಂಡೆ. ದೋಸೆ ಸೀದಿತು.

ಆಮೇಲೆ ಬಂತು. "ಬ್ವಾ ಶೆಶ್!"

ಉಚ್ಚಾರಣೆ ತೀರಾ ಅಮೆರಿಕದ್ದು ಅಂತ ವರ್ನಕ್ಕ ಗೊಣಗಿದ್ದೂ ಕೇಳಿಸಿತು. ಅಲ್ಲ, ಕೂಗಿಗೆ ಓಗೊಡಲು ಉಚ್ಚಾರಣೆ ಯಾಕೆ ಬೇಕು?